ಬಾಡದ ಸಣ್ಣಿ ಮಾತು, ನಾಗು ಒನಕೆ

ಸಣ್ಣಿಗೆ ಹಾಡಲು ಬರುತ್ತಿರಲಿಲ್ಲ. ಅವಳ ಕಸುಬಿನ ಕತೆ ಶುರುವಾಗುವುದೇ ಅಲ್ಲಿಂದ. ಎಳವೆಯಲ್ಲಿ ಗಂಟಲಿಗೆ ಏನೋ ಬೇನೆ ಬಂದಿತ್ತು. ಅದು ವಾಸಿಯಾದ ಮೇಲೂ ಸ್ವರ ಮಾತ್ರ ಕಾಯಿ ತುರಿಯುವ ಸದ್ದಿನಂತೆ ಉಳಿದುಹೋಯಿತು. ಮದುವೆ ಮನೆಗಳಲ್ಲಿ ಬಾಡ ಎಂಬ ಅವಳ ಊರಿನ ಹೆಂಗಸರು ಚಪ್ಪರದಡಿ ಸಾಲಾಗಿ ಕೂತು ಹಾಡುವಾಗ ಅವಳನ್ನು ಯಾರೂ ಕರೆಯುತ್ತಿರಲಿಲ್ಲ.

"ನೀ ಹಂಡೆ ತಿಕ್ಕು ಮಾರಾಯ್ತಿ. ನಿನ್ನ ಸ್ವರ ಕೇಳಿ ಮದುವೆಗಂಡು ಎದ್ದು ಓಡಿದ್ರೆ ಹಿಡ್ಕಂಡು ತರೂರು ಯಾರು?" ಎನ್ನುತ್ತಿದ್ದರು.

ಹಾಡಿದವರಿಗೆ ಕುಂಕುಮ, ಹೂವು, ತೆಂಗಿನಕಾಯಿ ಸಿಗುತ್ತಿತ್ತು. ಹಂಡೆ ತಿಕ್ಕಿದವಳಿಗೆ ಇನ್ನೊಂದು ಹಂಡೆ.

ಎಪ್ಪತ್ನಾಲ್ಕರ ಬೇಸಿಗೆಯಲ್ಲಿ ಅವಳ ನಾದಿನಿಯ ಮದುವೆಯಾಯಿತು. ಅವರಲ್ಲಿ ಹೆಣ್ಣಿನ ಕಡೆಯ ಹೆಂಗಸರು ಗಂಡಿನ ಕಡೆಯವರನ್ನು ಊಟದ ಹೊತ್ತಿಗೆ ಹೆಸರು ಹಿಡಿದು ಗೇಲಿ ಮಾಡುವುದಿದೆ. ಅದಕ್ಕೊಂದು ಕಟ್ಟಳೆಯೂ ಇದೆ. ಗೇಲಿ ಮಾಡಿಸಿಕೊಂಡವನು ಎದುರಿಗೇ ಇರಬೇಕು. ಅವನಿಗೋ ಅವನ ಕಡೆಯವರಿಗೋ ಉತ್ತರ ಹೇಳಲು ಬಿಡಬೇಕು. ಊಟ ಮುಗಿದ ಮೇಲೆ ಗೇಲಿ ಮಾಡಿದವಳು ಅವನಿಗೆ ತನ್ನ ಕೈಯಾರೆ ಎಲೆಯಡಿಕೆ ಕೊಡಬೇಕು. ಅವನು ಅದನ್ನು ತೆಗೆದುಕೊಂಡನೆಂದರೆ ಮಾತು ಅಲ್ಲಿಗೆ ಮುಗಿಯಿತು. ಚಪ್ಪರದ ಹೊರಗೆ ಅದನ್ನು ಯಾರೂ ಒಯ್ಯುವಂತಿಲ್ಲ, ಅದರ ಮೇಲೆ ಯಾರೂ ಹಗೆ ಸಾಧಿಸುವಂತಿಲ್ಲ.

ಆ ದಿನ ದಿಬ್ಬಣ ತಡವಾಗಿ ಬಂತು. ಹಾಡುವ ಹೆಂಗಸರ ಗಂಟಲು ಅದಾಗಲೇ ಒಣಗಿತ್ತು. ಬೀಗರು ಕೂತು ಸಾರು ಆರಿದೆ ಎಂದರು, ಬಿಸಿ ಮಾಡಿ ತಂದರೆ ಉಪ್ಪಿಲ್ಲ ಎಂದರು, ಉಪ್ಪು ತಂದರೆ ಅನ್ನ ಆರಿದೆ ಎಂದರು. ಹಿತ್ತಿಲಲ್ಲಿ ಹಂಡೆ ತಿಕ್ಕುತ್ತಿದ್ದ ಸಣ್ಣಿ ಮೂರನೆಯ ಸಲ ಒಲೆ ಊದಲು ಏಳಬೇಕಾಯಿತು. ಎದ್ದವಳು ಒಲೆ ಊದಲಿಲ್ಲ. ಹಂಡೆಯನ್ನು ಬೋರಲು ಹಾಕಿ, ಅದರ ಮೇಲೆ ಸೌಟಿನಿಂದ ಬಡಿಯುತ್ತಾ ಮಾತಾಡತೊಡಗಿದಳು. ರಾಗವಿಲ್ಲ. ಬರೀ ಮಾತು, ಆದರೆ ಪ್ರತಿ ಮಾತಿನ ಕೊನೆ ಸೌಟು ಬೀಳುವ ಜಾಗದಲ್ಲೇ ಬಂದು ಬೀಳುತ್ತಿತ್ತು. ಒಂದು ಸಾಲಿನ ಬಾಲಕ್ಕೆ ಇನ್ನೊಂದು ಸಾಲಿನ ಬಾಲ ಹೆಣೆದುಕೊಳ್ಳುತ್ತಿತ್ತು. ಬೀಗರು ಮೊದಲು ಬಾಯಿ ಬಿಟ್ಟು ಕೇಳಿದರು, ಆಮೇಲೆ ನಕ್ಕರು, ಆಮೇಲೆ ಆರಿದ ಅನ್ನವನ್ನೇ ಉಂಡರು.

ಅಲ್ಲಿಂದ ಮುಂದೆ ಮದುವೆ ಮನೆಗಳಿಂದ ಅವಳಿಗೆ ಕರೆ ಬರತೊಡಗಿತು. ಕುಮಟೆಯಿಂದ ಹಿಡಿದು ಕರ್ಕಿಯವರೆಗೂ ಹೋಗಿಬಂದಳು. ಕರೆದವರೆಲ್ಲ ಅವಳಿಂದ ಹಂಡೆಯನ್ನೂ ತಿಕ್ಕಿಸಿಕೊಂಡರು. ಹೇಗೂ ಹಂಡೆ ಬಡಿಯುತ್ತಾಳಲ್ಲ, ಹಾಗೇ ತೊಳೆದುಬಿಡಲಿ ಎಂಬ ಲೆಕ್ಕ. ಸಣ್ಣಿಗೆ ಇದು ಗೊತ್ತಾಗಲಿಲ್ಲವೆಂದಲ್ಲ. ಗೊತ್ತಾದದ್ದನ್ನು ಮುಂದಿನ ಮದುವೆಯ ಮಾತಿಗೆ ಸೇರಿಸಿಕೊಂಡಳು.

ಅವಳ ಗಂಡ ಶನಿಯಾರ, ದಾಸ ತಾಂಡೇಲನ ದೋಣಿಯಲ್ಲಿ ಬಲೆ ಎಳೆಯುತ್ತಿದ್ದ. ತಾಂಡೇಲನೆಂದರೆ ದೋಣಿಯ ಯಜಮಾನ. ಕಡಲ ಮೇಲೆ ಅವನ ಮಾತೇ ಮಾತು. ಎಂಬತ್ತರ ಸುಮಾರಿಗೆ ಮೀನು ಇಳಿಸಲು ಭಟ್ಕಳಕ್ಕೆ ಹೋದಾಗ ಶನಿಯಾರ ಅಲ್ಲಿಂದ ಒಂದು ಟೇಪ್ ರೆಕಾರ್ಡರ್ ತಂದ. ದುಬೈಯಿಂದ ಬಂದವರ ಮನೆಯಲ್ಲಿ ಹೊಸದು ಬಂದು ಮೂಲೆಗೆ ಸೇರಿದ್ದ ಹಳೆಯದು. ಯಕ್ಷಗಾನ ಕೇಳುವುದಕ್ಕೆ ಎಂದು ತಂದದ್ದು. ಕೆಂಪು ಗುಂಡಿ ಒತ್ತಿದರೆ ಅದು ಕೇಳಿಸಿಕೊಳ್ಳುತ್ತದೆ ಎಂಬುದನ್ನು ಸಣ್ಣಿ ಅವನು ಕಡಲಿಗೆ ಹೋದ ಹೊತ್ತಿನಲ್ಲಿ ಕಂಡುಕೊಂಡಳು.

ಮೊದಲ ಸಲ ಹಂಡೆ ಬಡಿದು ಹಿಡಿದದ್ದನ್ನು ತಿರುಗಿಸಿ ಕೇಳಿದರೆ ಕಿವಿ ಹರಿಯುವಂತಿತ್ತು. ಆದರೆ ಅದರ ಹಿಂದೆ ಎಲ್ಲೋ ಮೆತ್ತಗೆ, ನೆಲದೊಳಗಿಂದ ಬಂದ ಹಾಗೆ, ಧಿಂ ಧಿಂ ಎಂಬ ಸದ್ದು ಕೇಳಿತು. ಗೋಡೆಯಾಚೆ ಓರಗಿತ್ತಿ ನಾಗು ಭತ್ತ ಕುಟ್ಟುತ್ತಿದ್ದಳು. ಸಣ್ಣಿ ಹಂಡೆಯನ್ನು ಬದಿಗಿಟ್ಟು ಗೋಡೆಯಾಚೆ ಹೋದಳು.

"ಅಲ್ಲನೆ, ರಸ್ತೆ ಬದಿಗೆ ಮಿಲ್ ಬಂದಾತು. ಇನ್ನಾದ್ರೂ ನನ್ನ ರಟ್ಟೆಗೆ ಪುರುಸೊತ್ತು ಸಿಗ್ತದೆ ಅಂತ ಮಾಡಿದ್ದೆ. ಈಗ ನಿನ್ನ ಪೆಟ್ಟಿಗೆ ಸಲುವಾಗಿ ಕುಟ್ಟಬೇಕನೆ?" ಎಂದಳು ನಾಗು.

"ಒಂದು ಸಲ ಕುಟ್ಟಿಕೊಡು. ಆಮೇಲೆ ಪೆಟ್ಟಿಗೆನೇ ಕುಟ್ಟತದೆ. ನೀ ಕಾಲು ಚಾಚ್ಕಂಡು ಕೂತ್ಕೊ."

"ಕಾಲು ಚಾಚ್ಕಂಡು ಕೂತ್ರೆ ಗಂಜಿ ಯಾರು ಬಸೀತ್ರು?"

"ನಾನು."

ಹಾಗೆ ಒಪ್ಪಂದವಾಯಿತು. ಊರಿನ ಸಂಘದ ಕೋಣೆಯಲ್ಲಿ ಇನ್ನೊಂದು ಟೇಪ್ ರೆಕಾರ್ಡರ್ ಇತ್ತು. ಚೌತಿಗೆ ಬಿಟ್ಟರೆ ಯಾರೂ ಮುಟ್ಟುತ್ತಿರಲಿಲ್ಲ. ಆ ಕೋಣೆ ಗುಡಿಸುವವಳು ನಾಗು, ಬೀಗದಕೈ ಅವಳ ಸೊಂಟದಲ್ಲಿತ್ತು. ಒಂದು ಪೆಟ್ಟಿಗೆಯಲ್ಲಿ ನಾಗುವಿನ ಒನಕೆಯ ಸದ್ದು ತಿರುಗುತ್ತಿರುವಾಗ ಸಣ್ಣಿ ಅದರ ಮೇಲೆ ಮಾತು ಹೇಳುವುದು, ಇನ್ನೊಂದು ಎರಡನ್ನೂ ಹಿಡಿದುಕೊಳ್ಳುವುದು. ಬೇಕೆಂದಲ್ಲಿ ಮೊರದಲ್ಲಿ ಅಕ್ಕಿ ಕೇರುವ ಸದ್ದು, ಬಾವಿಯ ರಾಟೆಯ ಕಿರುಗುಡುವಿಕೆ. ಸೆಲ್ಲು ಸೋತರೆ ಹಂಚಿನ ಮೇಲೆ ಬಿಸಿಲಿಗಿಟ್ಟು ಜೀವ ಬರಿಸುತ್ತಿದ್ದರು. ಇದೆಲ್ಲ ನಡೆಯುತ್ತಿದ್ದದ್ದು ದೋಣಿಗಳು ಕಡಲಲ್ಲಿದ್ದಾಗ ಮಾತ್ರ. ಮಳೆಗಾಲದಲ್ಲಿ ಗಂಡಸರು ದಡಕ್ಕೆ ಬಂದರೆ ಚಹಾದ ಪಾತ್ರೆ ಒಲೆಯಿಂದ ಇಳಿಯುತ್ತಿರಲಿಲ್ಲ. ಆಗ ಮಾತೂ ಇಲ್ಲ, ಒನಕೆಯೂ ಇಲ್ಲ.

ಮೊದಲ ಕ್ಯಾಸೆಟ್ ಕೇಳಿದ ದಿನ ನಾಗು ಮುಖ ದಪ್ಪಗೆ ಮಾಡಿಕೊಂಡಳು. "ಬಾಡದ ಸಣ್ಣಿ ಮಾತು ಅಂತ ಹೇಳ್ದೆ. ಕೈ ಯಾರ್ದು ಅಂತ ಹೇಳೂಕೆ ನಾಲಿಗೆ ಸೋತುಹೋತನೆ?" ಸಣ್ಣಿ ಅಳಿಸಿ ಮತ್ತೆ ಹೇಳಿದಳು. ಅಲ್ಲಿಂದ ಎಲ್ಲ ಕ್ಯಾಸೆಟ್ಟೂ ಒಂದೇ ರೀತಿ ಶುರುವಾಗುತ್ತಿದ್ದವು: ಬಾಡದ ಸಣ್ಣಿ ಮಾತು, ನಾಗು ಒನಕೆ.

ಕೇಳಿದ ಹೆಂಗಸರು ತಮಗೂ ಬೇಕೆಂದರು. ಸಣ್ಣಿ ದುಡ್ಡು ಮುಟ್ಟಲಿಲ್ಲ. ದುಡ್ಡು ಮನೆಗೆ ಬಂದರೆ ಗಂಡನ ಜೇಬಿಗೆ ಹೋಗುವ ದಾರಿ ಅವಳಿಗೆ ಗೊತ್ತಿತ್ತು. ಖಾಲಿ ಕ್ಯಾಸೆಟ್ ತನ್ನಿ, ಜೊತೆಗೆ ಎರಡು ಕೊಡ ನೀರು ಸೇದಿ ಹಾಕಿ, ತುಂಬಿದ್ದು ಒಯ್ಯಿರಿ ಎಂದಳು. ಬಾವಿ ಗುಡ್ಡದ ಕೆಳಗಿತ್ತು. ಯಾರೋ ಹೊತ್ತು ತಂದ ನೀರು ಹಂಡೆಯಲ್ಲಿ ತುಂಬಿದ್ದರೆ ಅಷ್ಟು ಹೊತ್ತು ಅವಳದು. ಆ ಹೊತ್ತಿನಲ್ಲಿ ಮುಂದಿನ ಮಾತು ಕಟ್ಟುತ್ತಿದ್ದಳು.

ಕುಮಟೆಯ ಬಸ್ ಸ್ಟ್ಯಾಂಡಿನ ಹತ್ತಿರ ಕೃಷ್ಣಾನಂದ ಎಂಬವರ ಕ್ಯಾಸೆಟ್ ಅಂಗಡಿಯಿತ್ತು. ಎಂಬತ್ಮೂರರ ಮಳೆಗಾಲ ಶುರುವಾಗುವ ಮುಂಚೆ, ಮೀನು ಮಾರಿ ಬರುವಾಗ ಸಣ್ಣಿ ಬುಟ್ಟಿಯಲ್ಲಿದ್ದ ಹೊಸ ಕ್ಯಾಸೆಟ್ಟನ್ನು ಅವರಿಗೆ ಕೊಟ್ಟಳು. ಅವರು ಒಳಗಿಟ್ಟುಕೊಂಡು, ಮರುವಾರ ಬರಹೇಳಿದರು.

"ಇದರಲ್ಲಿ ಹಾಡೇ ಇಲ್ಲವಲ್ಲ ತಂಗಿ," ಎಂದರು ಮರುವಾರ. "ಬೈದ ಹಾಗಿದೆ. ಒಂದು ಕೆಲಸ ಮಾಡುವ. ಮಾತು ನಿನ್ನದೇ ಇರಲಿ. ಹಾರ್ಮೋನಿಯಂ ಹಾಕುವ, ಒಳ್ಳೆ ಕಂಠ ಇರುವ ಹುಡುಗಿ ಹತ್ತಿರ ಹಾಡಿಸುವ."

"ನಾಗು ಒನಕೆ?"

"ಅದೆಂತಕ್ಕೆ? ತಬಲಾ ಇರ್ತದಲ್ಲ."

ಸಣ್ಣಿ ಕ್ಯಾಸೆಟ್ಟನ್ನು ಬುಟ್ಟಿಗೆ ಹಾಕಿಕೊಂಡು ಬಸ್ಸು ಹತ್ತಿದಳು. ಬಸ್ಸಿನಲ್ಲಿ ಕಂಡಕ್ಟರ್ ಮೀನಿನ ವಾಸನೆಗೆ ಮೂಗು ಮುಚ್ಚಿಕೊಂಡ. ಅದನ್ನೂ ಅವಳು ಮರೆಯಲಿಲ್ಲ.

ಕೃಷ್ಣಾನಂದರು ವಾರವಿಡೀ ಕ್ಯಾಸೆಟ್ ಇಟ್ಟುಕೊಂಡು ಅದರ ಪ್ರತಿ ತೆಗೆದಿದ್ದರು ಎಂಬುದು ಅವಳಿಗೆ ಗೊತ್ತಾದದ್ದು ಆಮೇಲೆ. ಬೈದ ಹಾಗಿದೆ ಎಂದವರೇ ಮಳೆಗಾಲ ಪೂರ್ತಿ ಅದನ್ನು ಅಂಗಡಿಯ ಎದುರು ಹಾಕಿದರು. ಬಸ್ಸಿಗೆ ಕಾಯುವವರು ಅಂಗಡಿಯೆದುರು ನಿಂತು ನಕ್ಕರು. ನಕ್ಕವರಲ್ಲಿ ಕೆಲವರು ಒಳಗೆ ಹೋಗಿ ಬೇರೆ ಕ್ಯಾಸೆಟ್ ಕೊಂಡರು.

ಆ ಕ್ಯಾಸೆಟ್ಟಿನಲ್ಲಿದ್ದದ್ದು ದಾಸ ತಾಂಡೇಲನ ಮೇಲೆ ಕಟ್ಟಿದ ಮಾತು. ಆ ಬೇಸಿಗೆಯಲ್ಲಿ ನಾಗುವಿನ ಮಗಳಿಗೂ ತಾಂಡೇಲನ ಅಕ್ಕನ ಮಗನಿಗೂ ಮದುವೆಯಾಗಿತ್ತು. ಗಂಡಿನ ಸೋದರಮಾವನಾಗಿ ತಾಂಡೇಲ ಪಂಕ್ತಿಯ ತುದಿಯಲ್ಲಿ ಕೂತಿದ್ದ. ನೀರಿನ ಚೆಂಬು ಅವನ ಮೊಣಕಾಲಿಗೆ ತಾಗಿಯೇ ಇತ್ತು. ಅವನು ಮಾತ್ರ ನೀರು ಎಲ್ಲಿ ನೀರು ಎಲ್ಲಿ ಎಂದು ಕೂಗಿ, ನೆಂಟಳಾಗಿ ಬಂದೂ ಒಳಮನೆಯಲ್ಲಿ ಮೀನು ಹೆಚ್ಚುತ್ತಿದ್ದ ಹೆಂಡತಿ ತಿಮ್ಮಕ್ಕ ಬಂದು ಚೆಂಬೆತ್ತಿ ಕೈಗೆ ಕೊಡುವವರೆಗೂ ಕಾದಿದ್ದ. ಸಣ್ಣಿ ಅದನ್ನು ಅಲ್ಲೇ ಕಟ್ಟಿ ಅಲ್ಲೇ ಹೇಳಿದ್ದಳು:

ಕಡಲ ಮೇಲೆ ದಾರಿ ಕಾಂಬ,
ಕಲ್ಲು ಎಲ್ಲಿ, ಇಲ್ಲಿ ಅಂಬ.
ಒಲೆಯ ಮುಂದೆ ಕೂತು ಉಂಬ,
ನೀರು ಎಲ್ಲಿ ಅದೆ ಅಂಬ.
ಕಾಲ ಬುಡಕೆ ಚೆಂಬು ಅದೆ,
ಚೆಂಬು ಎಲ್ಲಿ ಅಂಬ ತಾಂಡೇಲ,
ನಮ್ಮ ತಾಂಡೇಲ.

ಅವತ್ತು ತಾಂಡೇಲನೂ ನಕ್ಕಿದ್ದ. ಊಟವಾದ ಮೇಲೆ ಸಣ್ಣಿ ಕೊಟ್ಟ ಎಲೆಯಡಿಕೆ ತೆಗೆದುಕೊಂಡು ಬಾಯಿಗೆ ಹಾಕಿಕೊಂಡಿದ್ದ. ಮಾತು ಮುಗಿದಿತ್ತು. ಮುಗಿದ ಮಾತನ್ನು ಸಣ್ಣಿ ಮನೆಗೆ ಬಂದು, ನಾಗುವಿನ ಒನಕೆಗೆ ಹೊಂದಿಸಿ, ಪೆಟ್ಟಿಗೆಗೆ ಮತ್ತೆ ಹೇಳಿದಳು. ಎಲೆ ಕೊಟ್ಟಾಗಿದೆಯಲ್ಲ, ಇನ್ನೇನು ಎಂಬುದು ಅವಳ ಎಣಿಕೆ.

ನೂಲಹುಣ್ಣಿಮೆಗೆ ಕಡಲಿಗೆ ಕಾಯಿ ಬಿಟ್ಟ ಮೇಲೆ ದೋಣಿಗಳು ಇಳಿಯುತ್ತವೆ. ಅದಕ್ಕೆ ಮುಂಚೆ ತಾಂಡೇಲ ತನ್ನ ಅಂಗಳದಲ್ಲಿ ಈ ವರ್ಷ ಯಾರು ಯಾರು ದೋಣಿಗೆ ಎಂದು ಹೇಳುತ್ತಾನೆ. ಆ ಸಲ ಅವನು ಅದಕ್ಕೂ ಮೊದಲೇ ಶನಿಯಾರನನ್ನು ಕರೆಸಿದ. ಶನಿಯಾರ ಹೋಗಿ ಬಂದು ಜಗಲಿಯಲ್ಲಿ ಕೂತ. ಅವನು ಸಿಟ್ಟಿನ ಮನುಷ್ಯನಲ್ಲ. ಸಿಟ್ಟು ಬಂದರೆ ಬೀಡಿ ಹಚ್ಚಿ ಅದನ್ನು ಸೇದಲು ಮರೆಯುತ್ತಿದ್ದ.

"ಎಂತ ಅಂದ್ರು?" ಎಂದು ಕೇಳಿದಳು ಸಣ್ಣಿ.

"ಕುಮಟಾ ಪ್ಯಾಟೆಲಿ ಬಸ್ಸಿಗೆ ನಿಂತಿದ್ರಂತೆ. ಗುರ್ತಿಲ್ಲದ ಜನ ಎಲ್ಲ ಚೆಂಬು ಎಲ್ಲಿ ಚೆಂಬು ಎಲ್ಲಿ ಅಂತ ನಗ್ತಿದ್ರಂತೆ. ಇವ್ರೇ ಅಂತ ಗೊತ್ತಿಲ್ದೆ ಒಬ್ಬವ ಇವ್ರ ಭುಜ ತಟ್ಟಿ ನಕ್ನಂತೆ."

"ಎಲೆ ತಗಂಡಾಗಿತ್ತಲ."

"ಅದು ಚಪ್ಪರದ ಎಲೆ ಅಂತ್ರು. ಚಪ್ಪರದಲ್ಲಿ ಹೇಳಿದ್ದಕ್ಕೆ ಚಪ್ಪರದಲ್ಲಿ ತಗಂಡೆ. ಪ್ಯಾಟೆಲಿ ಹೇಳಿದ್ದಕ್ಕೆ ಎಲೆ ಎಲ್ಲಿ ಅದೆ ಅಂತ ಕೇಳ್ತ್ರು. ನಾ ಎಂತ ಹೇಳೂದು?"

ತಾಂಡೇಲ ಹೇಳಿದ್ದು ಸರಿಯಾಗಿತ್ತು. ಅವನು ಎದುರಿಗಿಲ್ಲದಾಗ ಸಣ್ಣಿ ಅವನ ಮೇಲೆ ಮಾತು ಹೇಳಿದ್ದಳು. ಉತ್ತರಕ್ಕೆ ಜಾಗವಿಟ್ಟಿರಲಿಲ್ಲ. ಕ್ಯಾಸೆಟ್ ನಗೆಯ ಹತ್ತಿರವೇ ನಿಂತುಬಿಡುತ್ತಿತ್ತು, ಎಲೆಯವರೆಗೆ ಹೋಗುತ್ತಲೇ ಇರಲಿಲ್ಲ. ಪ್ರತಿ ತೆಗೆದವರು ಕೃಷ್ಣಾನಂದರೇ ಇರಬಹುದು, ಆದರೆ ಚಪ್ಪರದ ಮಾತನ್ನು ಬುಟ್ಟಿಯಲ್ಲಿಟ್ಟು ಕುಮಟೆಗೆ ಒಯ್ದವಳು ಅವಳೇ.

"ಅದಕ್ಕೆ ಎಂತ ಮಾಡಬೇಕಂತೆ?"

ಶನಿಯಾರ ಆರಿದ ಬೀಡಿ ನೋಡಿದ. "ಪೆಟ್ಟಿಗೆ ತಂದು ಅವ್ರ ಅಂಗಳದಲ್ಲಿ ಒಡೀಬೇಕಂತೆ. ಇನ್ನು ಮೇಲೆ ಮದುವೆ ಮನೆಲೂ ಬಾಯಿ ತೆಗೀಬಾರ್ದಂತೆ. ಇಲ್ದಿದ್ರೆ ಈ ವರ್ಷ ನಾನು ದೋಣಿಗಿಲ್ಲ. ಬೇರೆ ತಾಂಡೇಲರೂ ಸೇರಿಸ್ಕಂಬೂದಿಲ್ಲ."

ಆಮೇಲೆ ಅವನೇ ಮೆಲ್ಲಗೆ, "ಪೆಟ್ಟಿಗೆ ಹೋದ್ರೆ ಹೋಗ್ಲಿ ಬಿಡು," ಎಂದ. "ಯಕ್ಷಗಾನ ರೇಡಿಯೋದಲ್ಲೂ ಬರ್ತದೆ."

ಸಣ್ಣಿ ಒಳಗೆ ಹೋಗಿ ಮೀನು ಉಜ್ಜಿದಳು, ಮಸಾಲೆ ಅರೆದಳು, ಬಡಿಸಿದಳು, ಪಾತ್ರೆ ತೊಳೆದಳು. ಈ ಕೆಲಸಗಳನ್ನು ಪೆಟ್ಟಿಗೆ ಬರುವ ಮುಂಚೆಯೂ ಮಾಡಿದ್ದಳು, ಒಡೆದ ಮೇಲೂ ಮಾಡುವವಳೇ. ಗಂಡನ ದೋಣಿ ತಪ್ಪಿದರೆ ಬುಟ್ಟಿಗೆ ಮೀನಿಲ್ಲ, ಒಲೆಗೆ ಕೆಲಸವಿಲ್ಲ. ಅದೂ ಗೊತ್ತಿತ್ತು. ಬೆಳಿಗ್ಗೆ ನಾಗುವಿನ ಬಾಗಿಲಿಗೆ ಹೋಗಿ, "ಒನಕೆ ತಗ. ತಾಂಡೇಲರ ಮನೆಗೆ ಹೋಗ್ಬರ್ವ," ಎಂದಳು.

"ಅವ್ರ ತಲೆ ಮೇಲೆ ಕುಟ್ಟೂಕನೆ?"

"ಎಲೆ ಕೊಡೂಕೆ."

ತಾಂಡೇಲನ ಅಂಗಳದ ಮೂಲೆಯಲ್ಲಿ ಒಂದು ಒರಳು ಇತ್ತು. ಮಿಲ್ ಬಂದ ಮೇಲೆ ಅದರಲ್ಲಿ ಮಳೆನೀರು ನಿಂತು ಕೋಳಿಗಳು ಕುಡಿಯುತ್ತಿದ್ದವು. ನಾಗು ಯಾರನ್ನೂ ಕೇಳದೆ ನೀರು ಚೆಲ್ಲಿ ಒರಳು ಒರೆಸಿದಳು. ಸಣ್ಣಿ ಬುಟ್ಟಿಯಿಂದ ಟೇಪ್ ರೆಕಾರ್ಡರ್ ತೆಗೆದು ಜಗಲಿಯ ಮೇಲಿಟ್ಟಳು. ಕೇರಿಯ ನಾಲ್ಕು ಜನ ಪೆಟ್ಟಿಗೆ ಒಡೆಯುವುದನ್ನು ನೋಡಲು ಬಂದು ನಿಂತರು. ತಾಂಡೇಲ ಹೊರಗೆ ಬಂದ. ಶನಿಯಾರ ಬೇಲಿಯ ಬಾಗಿಲಾದ ದಣಪೆಯ ಹೊರಗೇ ಉಳಿದ.

"ನಿಮ್ಮ ಮಾತು ಸರಿ ತಾಂಡೇಲರೆ," ಎಂದಳು ಸಣ್ಣಿ. "ನಾ ಅರ್ಧ ಮಾತ್ರ ಹಿಡಿದಿದ್ದೆ. ನೀವು ಎದುರಿಗೆ ಇರ್ಲಿಲ್ಲ, ಉತ್ತರ ಇರ್ಲಿಲ್ಲ, ಎಲೆ ಇರ್ಲಿಲ್ಲ. ಪೆಟ್ಟಿಗೆ ಒಡೆದ್ರೆ ಪ್ಯಾಟೆಲಿ ಅರ್ಧ ಮಾತು ಹಂಗೇ ಉಳೀತದೆ. ಇನ್ನರ್ಧ ಹಿಡಿದು ಕಳ್ಸ್ವ. ನಾ ಇನ್ನೊಂದು ಸಲ ಹೇಳ್ತೆ, ನೀವು ಉತ್ತರ ಹೇಳಿ. ಆಮೇಲೆ ಎಲೆ."

ತಾಂಡೇಲ ಕೇರಿಯವರ ಕಡೆ ನೋಡಿದ. ಅವರಲ್ಲಿ ಹಿರಿಯನೊಬ್ಬ ಸರಿಯೆಂದು ತಲೆ ಅಲ್ಲಾಡಿಸಿದ. ಕಟ್ಟಳೆ ಎತ್ತಿದವನೇ ತಾಂಡೇಲ, ಈಗ ಕಟ್ಟಳೆ ಬೇಡ ಎನ್ನುವಂತಿರಲಿಲ್ಲ.

ಸಣ್ಣಿ ಗುಂಡಿ ಒತ್ತಿದಳು. ನಾಗು ಕುಟ್ಟತೊಡಗಿದಳು. ಬಾಡದ ಸಣ್ಣಿ ಮಾತು, ನಾಗು ಒನಕೆ. ಚೆಂಬಿನ ಮಾತನ್ನು ಅವನ ಮುಖ ನೋಡಿಕೊಂಡೇ ಮೊದಲಿಂದ ಕೊನೆಯವರೆಗೆ ಹೇಳಿ ಬದಿಗೆ ಸರಿದು ನಿಂತಳು. ಒನಕೆ ನಿಲ್ಲಲಿಲ್ಲ. ತಾಂಡೇಲ ಬಾಯಿ ತೆರೆದ. ಕಡಲಲ್ಲಿ ಬಲೆ ಎಳೆಯುವಾಗ ಇದೇ ಬಡಿತಕ್ಕೆ ಕೂಗಿ ಇಪ್ಪತ್ತು ಗಂಡಸರ ಕೈ ಒಂದಾಗಿಸುವ ಮನುಷ್ಯ. ಅಂಗಳದಲ್ಲಿ ಅವನಿಗೆ ಒಂದು ಸಾಲೂ ಬರಲಿಲ್ಲ. "ಇದು... ಈ ಹೆಂಗಸು..." ಎಂದು ಎರಡು ಸಲ ಶುರು ಮಾಡಿದ. ಪೆಟ್ಟಿಗೆ ಅದನ್ನೂ ಹಿಡಿಯಿತು.

ಬಾಗಿಲಲ್ಲಿ ತಿಮ್ಮಕ್ಕ ನಿಂತಿದ್ದಳು. ಕೈಯಲ್ಲಿ ಮೀನಿನ ಪೊರೆ ಅಂಟಿತ್ತು. ಅದನ್ನು ಸೆರಗಿಗೆ ಒರೆಸಿಕೊಂಡಳು. "ಅವ್ರಿಗೆ ಬೇಕಾದ್ದೆಲ್ಲ ನಾನೇ ಎತ್ತಿ ಕೊಡ್ಬೇಕು, ಇದೂ ಒಂದು," ಎಂದು ಯಾರಿಗೂ ಅಲ್ಲದಂತೆ ಹೇಳಿ, ಒಳಗಿಂದ ತನ್ನ ಹಳೆಯ ಒನಕೆ ತಂದು ನಾಗುವಿನ ಎದುರು ನಿಂತಳು. ಒಂದು ಏಳುವಾಗ ಇನ್ನೊಂದು ಬಿದ್ದು ಬಡಿತ ಇಮ್ಮಡಿಯಾಯಿತು. ತಿಮ್ಮಕ್ಕ ಹಾಡುವವರ ಸಾಲಿನವಳು. ಆದರೆ ಆ ದಿನ ಅವಳೂ ಹಾಡಲಿಲ್ಲ.

ಕ್ಯಾಸೆಟ್ ತಿರುಗ್ತು, ಗಂಜಿ ಉಕ್ತು,
ಒಲೆ ಆರ್ತು, ಬೆಕ್ಕು ನೆಕ್ತು,
ಮೀನು ಹೋತು, ಮುಳ್ಳು ಉಳೀತು,
ಸಣ್ಣಿ ಗಂಡ ಉಪಾಸ ಕೂತು
ಯಕ್ಷಗಾನ ಕೇಳ್ತ.

ಕೇರಿಯವರು ಜೋರಾಗಿ ನಕ್ಕರು. ದಣಪೆಯಾಚೆ ಶನಿಯಾರನೂ ನಕ್ಕ. ತಾಂಡೇಲನ ಮುಖ ಸಡಿಲಾಯಿತು. ತಿಮ್ಮಕ್ಕ ಒನಕೆ ನಿಲ್ಲಿಸದೆ, ದನಿ ಏರಿಸದೆ ಇನ್ನೆರಡು ಸಾಲು ಹೇಳಿದಳು:

ನಾ ದಿನಾ ಬಡ್ಸ್ದೆ, ಅವ್ರಿಗೆ ಕಂಡೇ ಇಲ್ಲ,
ನೀ ಬೈದದ್ದು ಕಂಡಾತು.

ಇದಕ್ಕೆ ಯಾರೂ ನಗಲಿಲ್ಲ. ಸಣ್ಣಿ ಸೊಂಟದ ಚೀಲದಿಂದ ಎಲೆಯಡಿಕೆ ತೆಗೆದು ತಾಂಡೇಲನ ಮುಂದೆ ಹಿಡಿದಳು. ಅವನು ತೆಗೆದುಕೊಂಡ.

"ಆತಲ. ಬಂದ್ ಮಾಡು ಅದನ್ನ," ಎಂದ.

ಸಣ್ಣಿ ಗುಂಡಿ ಮುಟ್ಟಲಿಲ್ಲ. "ಎಲೆಗೆ ಸದ್ದಿಲ್ಲ ತಾಂಡೇಲರೆ. ಪ್ಯಾಟೆಲಿ ಕೇಳುವವ್ರಿಗೆ ನೀವು ತಗಂಡ್ರಿ ಅಂತ ಹೆಂಗೆ ಗೊತ್ತಾಗ್ಬೇಕು? ಬಾಯಲ್ಲಿ ಹೇಳ್ಬೇಕು."

ಎರಡೂ ಒನಕೆ ಬೀಳುತ್ತಲೇ ಇದ್ದವು. ತಾಂಡೇಲ ಎಲೆಯನ್ನು ನೋಡಿದ, ಪೆಟ್ಟಿಗೆಯನ್ನು ನೋಡಿದ, ಸೀರೆ ಮೇಲಕ್ಕೆ ಕಟ್ಟಿ ಕುಟ್ಟುತ್ತಿರುವ ಹೆಂಡತಿಯನ್ನು ನೋಡಿದ. ಕೊಟ್ಟದ್ದನ್ನು ತೆಗೆದುಕೊಳ್ಳುವುದು ಅವನಿಗೆ ಹುಟ್ಟಿನಿಂದ ಅಭ್ಯಾಸವಾಗಿತ್ತು. ಹಾಗೆಂದು ಹೇಳಿ ಅಭ್ಯಾಸವಿರಲಿಲ್ಲ.

"ತಗಂಡೆ," ಎಂದ.

"ಯಾರ ಕೈಯಿಂದ ಅಂತ ಹೇಳಿ," ಎಂದಳು ತಿಮ್ಮಕ್ಕ. "ಸುಮ್ನೆ ತಗಂಡೆ ಅಂದ್ರೆ ಜನ ಎಂತ ತಿಳ್ಕಂಬೂದು?"

"ಸಣ್ಣಿ ಕೈಯಿಂದ ತಗಂಡೆ."

ಸಣ್ಣಿ ಗುಂಡಿ ಒತ್ತಿದಳು. ನೂಲಹುಣ್ಣಿಮೆ ಕಳೆದು ದೋಣಿ ಇಳಿದಾಗ ಶನಿಯಾರ ತನ್ನ ಜಾಗದಲ್ಲೇ ಇದ್ದ. ತಾಂಡೇಲ ಆ ವರ್ಷ ಅವನೊಡನೆ ಬೇಕಾದಷ್ಟೇ ಮಾತಾಡಿದ.

ಇಡೀ ಮಾತಿನ ಕ್ಯಾಸೆಟ್ ಮೊದಲಿನದಕ್ಕಿಂತ ಹೆಚ್ಚು ತಿರುಗಿತು. ಹೊನ್ನಾವರದಿಂದಲೂ ಖಾಲಿ ಕ್ಯಾಸೆಟ್ ಹಿಡಿದು ಜನ ಬಂದರು. ಕೃಷ್ಣಾನಂದರು ಆಳನ್ನು ಕಳಿಸಿದರು. ಸಣ್ಣಿ ಆಳನ್ನು ಹಿಂದೆ ಕಳಿಸಿದಳು. ಕಡೆಗೆ ಅವರೇ ಬಂದು, ಪಂಚೆ ಎತ್ತಿ ಕಟ್ಟಿ, ಗುಡ್ಡದ ಕೆಳಗಿನ ಬಾವಿಯಿಂದ ನೀರು ತಂದರು. ಒಂದು ಕೊಡ ದಾರಿಯಲ್ಲೇ ಅರ್ಧ ಚೆಲ್ಲಿತು. ಸಣ್ಣಿ ಅದನ್ನು ಅರ್ಧವೆಂದೇ ಲೆಕ್ಕ ಹಿಡಿದು ಇನ್ನೊಂದು ಸಲ ಇಳಿಸಿದಳು. ಎಂಬತ್ತರ ದಶಕ ಮುಗಿಯುವವರೆಗೂ ಅವಳು ಮಾತು ಹಿಡಿದಳು. ಯಾರ ಹೆಸರು ಹಿಡಿದರೂ ಅವರ ಅಂಗಳಕ್ಕೇ ಹೋಗಿ ಹೇಳುತ್ತಿದ್ದಳು. ಕ್ಯಾಸೆಟ್ಟಿನ ಕೊನೆಗೆ ಅವರ ಬಾಯಿಂದ ತಗಂಡೆ ಎನ್ನಿಸದೆ ಗುಂಡಿ ಒತ್ತುತ್ತಿರಲಿಲ್ಲ. ಇದಕ್ಕೆ ಒಪ್ಪದ ಗಂಡಸರು, ಸಣ್ಣಿ ಬರುತ್ತಾಳೆಂದು ಕೇಳಿದರೆ ನೀರಿನ ಚೆಂಬನ್ನು ತಾವೇ ಎತ್ತಿಕೊಳ್ಳುತ್ತಿದ್ದರಂತೆ. ಇದು ನಾಗು ಹೇಳುವ ಮಾತು, ಪೂರ್ತಿ ನಂಬುವಂಥದ್ದಲ್ಲ.

ತಾಂಡೇಲನ ಮನೆಯಲ್ಲಿ ಟೇಪ್ ರೆಕಾರ್ಡರ್ ಇರಲಿಲ್ಲ. ಆ ವರ್ಷ ದೋಣಿ ಇಳಿದ ವಾರವೇ ತಿಮ್ಮಕ್ಕ ನೀರಿನ ಕೊಡ ಹೊತ್ತುಕೊಂಡೇ ಸಣ್ಣಿಯ ಮನೆಗೆ ಬಂದಳು. ನೀರನ್ನು ಹಂಡೆಗೆ ಸುರಿದು ನೆಲದ ಮೇಲೆ ಕೂತಳು.

"ನಿಮ್ಮ ಉತ್ತರ ಕೇಳ್ತ್ರ?" ಎಂದಳು ಸಣ್ಣಿ.

"ಅದು ನಂಗೆ ಗೊತ್ತದೆ. ಕೊನೆದು ಇಡು."

ಸಣ್ಣಿ ಕ್ಯಾಸೆಟ್ ಮುಂದೆ ಓಡಿಸಿ ಇಟ್ಟಳು. ಒನಕೆ ಬಿತ್ತು, ಒನಕೆ ಬಿತ್ತು, ಆಮೇಲೆ ತಾಂಡೇಲನ ದನಿ, ತಗಂಡೆ. ತಿಮ್ಮಕ್ಕ ತಲೆ ಬಗ್ಗಿಸಿ ಕೇಳಿದಳು. "ಇನ್ನೊಂದು ಸಲ ಇಡು," ಎಂದಳು. ಇನ್ನೊಂದು ಸಲ ಕೇಳಿ, ಕೊಡ ಎತ್ತಿಕೊಂಡು ಎದ್ದಳು. ಒಲೆಯ ಮೇಲೆ ಸಾರಿಟ್ಟು ಬಂದಿದ್ದಳು.